ಲೀನಾ ಲಮಾಂಟ್ ಗೊತ್ತು, ಜೀನ್ ಹೇಗನ್ ಯಾರು? ಪದೇ ಪದೇ ಕೇಳುವ ಪ್ರಶ್ನೆಗಳು

'ಸಿಂಗಿನ್ ಇನ್ ದ ರೇನ್' ಸಿನಿಮಾದ ಲೀನಾ ಲಮಾಂಟ್‌ಳನ್ನು, ಮೂಕಿ ಚಿತ್ರಗಳ ಆ ಕೀರಲು ದನಿಯ ತಾರೆಯನ್ನು, ಒಮ್ಮೆ ನೋಡಿದವರು ಮರೆಯುವುದಿಲ್ಲ. ಆ ಪಾತ್ರ ಮಾಡಿದವರ ಹೆಸರು ಕೇಳಿ ನೋಡಿ, ಹಳೇ ಹಾಲಿವುಡ್ ಸಿನಿಮಾ ಹುಚ್ಚಿರುವವರೂ ತಡವರಿಸುತ್ತಾರೆ. ಜೀನ್ ಹೇಗನ್ ಬಗ್ಗೆ ಬರುವ ಪ್ರಶ್ನೆಗಳು ಹೆಚ್ಚುಕಮ್ಮಿ ಅವೇ ಆಗಿರುತ್ತವೆ, ಅದಕ್ಕೆ ಎಲ್ಲಕ್ಕೂ ಒಂದೇ ಕಡೆ ಉತ್ತರ ಬರೆದಿದ್ದೇನೆ.

ಜೀನ್ ಹೇಗನ್ ಯಾರು? ಚಿಕ್ಕದಾಗಿ ಹೇಳಿ.

ಅಮೆರಿಕದ ನಟಿ. ಹುಟ್ಟಿದ್ದು 1923ರಲ್ಲಿ, ತೀರಿಕೊಂಡಿದ್ದು 1977ರಲ್ಲಿ. ರೇಡಿಯೋ, ನ್ಯೂಯಾರ್ಕ್‌ನ ಬ್ರಾಡ್‌ವೇ ನಾಟಕ, ಸಿನಿಮಾ, ಟಿವಿ, ನಾಲ್ಕರಲ್ಲೂ ಕೆಲಸ ಮಾಡಿದವರು. ಸಿನಿಮಾಗಳಲ್ಲಿ ಕಾಣಿಸಿಕೊಂಡಿದ್ದು ಮುಖ್ಯವಾಗಿ 1949ರಿಂದ 1964ರವರೆಗೆ. ಮೂರು ಪಾತ್ರ ನೆನಪಿಟ್ಟುಕೊಂಡರೆ ಅವರ ಅಳತೆ ಸಿಗುತ್ತದೆ: 'ದ ಆಸ್ಫಾಲ್ಟ್ ಜಂಗಲ್' ಚಿತ್ರದ ಡಾಲ್, 'ಸಿಂಗಿನ್ ಇನ್ ದ ರೇನ್' ಚಿತ್ರದ ಲೀನಾ, 'ಮೇಕ್ ರೂಮ್ ಫಾರ್ ಡ್ಯಾಡಿ' ಧಾರಾವಾಹಿಯ ಮಾರ್ಗರೆಟ್. ಆಸ್ಕರ್‌ಗೆ ಒಂದು ಸಲ, ಟಿವಿಯವರಿಗೆ ಕೊಡುವ ಎಮ್ಮಿ ಪ್ರಶಸ್ತಿಗೆ ಮೂರು ಸಲ ಹೆಸರು ಹೋಗಿತ್ತು. ಒಂದೂ ಕೈಗೆ ಬರಲಿಲ್ಲ.

ಲೀನಾಳ ಆ ದನಿ ಅವರದ್ದೇನಾ? ನಿಜವಾಗಿ ಹಾಗೇ ಮಾತಾಡುತ್ತಿದ್ದರಾ?

ಖಂಡಿತ ಇಲ್ಲ. ಎಲ್ಲಕ್ಕಿಂತ ಜಾಸ್ತಿ ಬರುವ ಪ್ರಶ್ನೆ ಇದೇ, ಮತ್ತು ಹೇಗನ್‌ಗೆ ಆಗಿರುವ ಅನ್ಯಾಯದ ಬೇರೂ ಇದರಲ್ಲೇ ಇದೆ ಅಂತ ನನಗನ್ನಿಸುತ್ತದೆ. ಅವರ ಸ್ವಂತ ದನಿ ತಗ್ಗು ಸ್ಥಾಯಿಯದು, ತುಂಬು ದನಿ, ಉಚ್ಚಾರಣೆ ಸ್ಫಟಿಕದಷ್ಟು ಸ್ಪಷ್ಟ. ರೇಡಿಯೋ ನಾಟಕಗಳಲ್ಲಿ ಪಳಗಿದ ದನಿ ಅದು. ಲೀನಾಗೋಸ್ಕರ ಅವರು ಅದನ್ನು ಪೂರ್ತಿ ಮುಚ್ಚಿಟ್ಟು, ಮೂಗಿನಿಂದ ಹೊರಡುವ, ಮೇಲಿನ ಸ್ಥಾಯಿಯಲ್ಲೇ ಕಿರುಚುವ, ಸ್ವರಗಳನ್ನೆಲ್ಲ ಎಳೆದು ಚಪ್ಪಟೆ ಮಾಡುವ ಇನ್ನೊಂದು ದನಿ ಕಟ್ಟಿದರು. ಇಡೀ ಸಿನಿಮಾದಲ್ಲಿ ಒಂದೇ ಒಂದು ಮಾತಿನಲ್ಲೂ ಅದು ಜಾರುವುದಿಲ್ಲ. ಸಿಟ್ಟು ಬಂದಾಗ, ಕೊಂಕಾಡುವಾಗ, ಪ್ರೀತಿ ತೋರಿಸುವಾಗ, ಬೆದರಿಸುವಾಗ, ಎಲ್ಲ ಕಡೆ ಅದೇ ದನಿ. ಆದರೆ ಆ ದನಿಯೊಳಗೇ ಭಾವ ಬೇರೆ ಬೇರೆ. ಸುಮ್ನೆ ಕೀರಲು ದನಿ ತೆಗೆಯುವುದು ಯಾರಿಗಾದರೂ ಬರುತ್ತದೆ, ಅದರಲ್ಲಿ ಒಬ್ಬ ಮನುಷ್ಯಳನ್ನು ಇಡುವುದು ಎಲ್ಲರಿಂದ ಆಗುವ ಕೆಲಸವಲ್ಲ.

ಇನ್ನೊಂದು ಸಂಗತಿ ಗಮನಿಸಿ. ಸಿನಿಮಾ ಶುರುವಾಗಿ ಸುಮಾರು ಹೊತ್ತು ಲೀನಾ ಬಾಯೇ ಬಿಡುವುದಿಲ್ಲ. ಪ್ರೀಮಿಯರ್ ಷೋಗೆ ಕಾರಿನಿಂದ ಇಳಿಯುತ್ತಾಳೆ, ಕೈ ಬೀಸುತ್ತಾಳೆ, ನಗುತ್ತಾಳೆ, ಜನ ಹುಚ್ಚಾಗುತ್ತಾರೆ. ಮೈಕ್ ಮುಂದೆ ಮಾತೆಲ್ಲ ನಾಯಕ ಡಾನ್ ಲಾಕ್‌ವುಡ್‌ದೇ. ಆಕೆ ಮಾತಾಡಲು ಹೊರಟರೆ ಆತ ನಡುವೆ ನುಗ್ಗುತ್ತಾನೆ. ಅಷ್ಟು ಹೊತ್ತೂ ಹೇಗನ್ ಕೈಯಲ್ಲಿರುವುದು ಮುಖ ಮಾತ್ರ: ಹುಬ್ಬು ಏರಿಸುವುದು, ಗದ್ದ ಎತ್ತುವುದು, ಮಾತಿಗೆಂದು ತೆರೆದ ಬಾಯಿ ಮುಚ್ಚಿ ಮತ್ತೆ ನಗು ತಂದುಕೊಳ್ಳುವುದು. ಅಂದರೆ ಮೂಕಿ ಚಿತ್ರದ ತಾರೆಯನ್ನು ಮೂಕಿ ಚಿತ್ರದ ರೀತಿಯಲ್ಲೇ ಆಡಿ ತೋರಿಸುತ್ತಾರೆ. ಆಮೇಲೆ ಪರದೆಯ ಹಿಂದೆ ಹೋದ ಮೇಲೆ ಮೊದಲ ಸಲ ಬಾಯಿ ಬಿಟ್ಟಾಗ ಥಿಯೇಟರ್‌ನಲ್ಲಿ ನಗೆ ಸಿಡಿಯುತ್ತದೆ. ಆ ನಗೆಗೆ ಮದ್ದು ತುಂಬಿದ್ದು ಅದಕ್ಕೂ ಮುಂಚಿನ ಮೌನ.

ಸಿನಿಮಾದಲ್ಲಿ ಲೀನಾಗೆ ಕ್ಯಾಥಿ ದನಿ ಕೊಡುತ್ತಾಳಲ್ಲ, ಆ ದನಿ ಡೆಬ್ಬಿ ರೆನಾಲ್ಡ್ಸ್‌ದೇ ಅಲ್ವಾ?

ಅಲ್ಲ. ಇದು ಗೊತ್ತಾದಾಗ ಯಾರಿಗಾದರೂ ಒಂದು ಕ್ಷಣ ತಲೆ ತಿರುಗುತ್ತದೆ.

ಮೊದಲು ಕಥೆ ನೆನಪಿಸಿಕೊಳ್ಳಿ. 1927, ಟಾಕಿ ಸಿನಿಮಾ ಬಂದಿದೆ. ಲೀನಾಳ ದನಿ ಕೇಳಿದರೆ ಜನ ಎದ್ದು ಹೋಗುತ್ತಾರೆ. ಹಾಗಾಗಿ ಕ್ಯಾಥಿ ಸೆಲ್ಡನ್ ಅನ್ನುವ ಹೊಸ ಹುಡುಗಿ ಮೈಕ್ ಮುಂದೆ ನಿಂತು ಲೀನಾಳ ಮಾತು, ಹಾಡು ಎರಡನ್ನೂ ಡಬ್ ಮಾಡುತ್ತಾಳೆ. ಕ್ಯಾಥಿ ಪಾತ್ರ ಡೆಬ್ಬಿ ರೆನಾಲ್ಡ್ಸ್ ಮಾಡಿದ್ದು. ಆಗ ಅವರಿನ್ನೂ ಹತ್ತೊಂಬತ್ತರ ಹುಡುಗಿ, ಟೆಕ್ಸಾಸ್‌ನ ಎಲ್ ಪಾಸೋದಲ್ಲಿ ಹುಟ್ಟಿದವರು. ಲೀನಾ ಆಡುವ ರಾಜಮನೆತನದ ಹೆಣ್ಣಿನ ಪಾತ್ರಕ್ಕೆ ಬೇಕಾದ ಗಂಭೀರ, ನಯವಾದ ಮಾತಿಗೆ ಅವರ ಉಚ್ಚಾರಣೆ ಒಗ್ಗುವುದಿಲ್ಲ ಅಂತ ನಿರ್ದೇಶಕರಿಗೆ ಅನ್ನಿಸಿತು. ಹಾಗಾದರೆ ಅಂಥ ದನಿ ಯಾರ ಬಳಿ ಇತ್ತು? ಅಲ್ಲೇ ಸೆಟ್‌ನಲ್ಲಿದ್ದ ಜೀನ್ ಹೇಗನ್ ಬಳಿ. ಕೊನೆಗೆ ಕ್ಯಾಥಿ ಲೀನಾಗೆ ಮಾತು ಡಬ್ ಮಾಡುವ ದೃಶ್ಯದಲ್ಲಿ ನಮಗೆ ಕೇಳುವುದು ಹೇಗನ್ ಅವರ ಸ್ವಂತ ದನಿ. ಅಂದರೆ ಹೇಗನ್‌ಗೆ ದನಿ ಕೊಡುತ್ತಿರುವ ಡೆಬ್ಬಿಗೆ ದನಿ ಕೊಟ್ಟಿದ್ದು ಹೇಗನ್.

ಹಾಡಿನದು ಇನ್ನೊಂದು ಕಥೆ. ಕ್ಯಾಥಿ ಲೀನಾಗೋಸ್ಕರ ಹಾಡುವ 'ವುಡ್ ಯೂ' ಹಾಡಿನಲ್ಲಿ ಕೇಳುವುದು ಬೆಟ್ಟಿ ನೋಯ್ಸ್ ಅನ್ನುವ ಗಾಯಕಿಯ ದನಿ. ಟೈಟಲ್ ಕಾರ್ಡಿನಲ್ಲಿ ಅವರ ಹೆಸರಿಲ್ಲ. ಮರೆಯಲ್ಲಿ ನಿಂತು ಹಾಡಿದ ಹುಡುಗಿಗೆ ಹೆಸರು ಸಿಗಬೇಕು ಅಂತ ಪರದೆ ಎಳೆದು ತೋರಿಸುವ ಸಿನಿಮಾದಲ್ಲೇ, ನಿಜವಾಗಿ ಮರೆಯಲ್ಲಿ ಹಾಡಿದವರ ಹೆಸರು ಬಿಟ್ಟುಹೋಗಿದೆ. ನನಗೆ ಇದು ನೋವಿನ ವಿಷಯ. ಸಿನಿಮಾ ಎಷ್ಟೇ ಪ್ರೀತಿಯದಾದರೂ ಇದನ್ನು ಹೇಳದೆ ಬಿಡಲಾರೆ.

ಒಮ್ಮೆ ಆ ಡಬ್ಬಿಂಗ್ ದೃಶ್ಯವನ್ನು ಕಣ್ಣು ಮುಚ್ಚಿ ಕೇಳಿ. ಬೆಣ್ಣೆಯಂಥ ದನಿಯಲ್ಲಿ ಪ್ರೇಮದ ಮಾತು ಬರುತ್ತದೆ. ಅದೇ ಗಂಟಲು ಸ್ವಲ್ಪ ಹೊತ್ತಿಗೆ ಮುಂಚೆ ಕಿವಿ ತೂತು ಬೀಳುವ ಹಾಗೆ ಕಿರುಚಿತ್ತು.

ನಮ್ಮಲ್ಲಿ ಹಿನ್ನೆಲೆ ಗಾಯನ ಮಾಮೂಲು. ಇನ್ನೊಬ್ಬರ ದನಿಗೆ ತುಟಿ ಆಡಿಸುವುದರಲ್ಲಿ ಏನು ಹಗರಣ?

ನಮಗೆ ಹಾಗನ್ನಿಸುವುದು ಸಹಜ. ರಾಜ್‌ಕುಮಾರ್ ತುಟಿ ಆಡಿಸಿದ ಎಷ್ಟೋ ಹಾಡುಗಳಿಗೆ ದನಿ ಪಿ. ಬಿ. ಶ್ರೀನಿವಾಸ್ ಅವರದು ಅನ್ನುವುದು ಊರಿಗೇ ಗೊತ್ತಿತ್ತು. ರೆಕಾರ್ಡಿನ ಮೇಲೆ ಹೆಸರಿರುತ್ತಿತ್ತು, ರೇಡಿಯೋದಲ್ಲಿ ಹಾಡಿಗೆ ಮುಂಚೆ ಹೇಳುತ್ತಿದ್ದರು. ಹಾಲಿವುಡ್‌ನಲ್ಲಿ ಅದನ್ನು ಮುಚ್ಚಿಡುತ್ತಿದ್ದರು. 'ವೆಸ್ಟ್ ಸೈಡ್ ಸ್ಟೋರಿ'ಯಲ್ಲಿ ನಟಾಲಿ ವುಡ್‌ಗೆ, 'ಮೈ ಫೇರ್ ಲೇಡಿ'ಯಲ್ಲಿ ಆಡ್ರಿ ಹೆಪ್‌ಬರ್ನ್‌ಗೆ ಹಾಡಿದ ಮಾರ್ನಿ ನಿಕ್ಸನ್ ಹೆಸರೂ ತೆರೆಯ ಮೇಲೆ ಬರಲಿಲ್ಲ. ಆ ಪದ್ಧತಿ ಗೊತ್ತಿದ್ದರೆ ಲೀನಾಳ ಗುಟ್ಟು ಅಷ್ಟು ದೊಡ್ಡದು ಯಾಕೆ ಅಂತ ಅರ್ಥವಾಗುತ್ತದೆ.

ಎಲ್ಲಿಯವರು? ನಟನೆ ಎಲ್ಲಿ ಕಲಿತರು?

ಹುಟ್ಟಿದ್ದು ಷಿಕಾಗೋದಲ್ಲಿ, 1923ರ ಆಗಸ್ಟ್ 3ರಂದು. ಪೂರ್ತಿ ಹೆಸರು ಜೀನ್ ಷರ್ಲಿ ವರ್ಹೇಗನ್. ತಂದೆ ನೆದರ್‌ಲ್ಯಾಂಡ್ಸ್‌ನಿಂದ ಬಂದವರು. ಹುಡುಗಿಗೆ ಹನ್ನೆರಡಾದಾಗ ಮನೆಮಂದಿ ಇಂಡಿಯಾನಾದ ಎಲ್ಕ್‌ಹಾರ್ಟ್‌ಗೆ ಹೋದರು. ನಾರ್ತ್‌ವೆಸ್ಟರ್ನ್ ವಿಶ್ವವಿದ್ಯಾಲಯದಲ್ಲಿ ನಾಟಕ ಓದಿದರು. ಅಲ್ಲಿ ಅವರ ರೂಮ್‌ಮೇಟ್ ಪೆಟ್ರೀಷಿಯಾ ನೀಲ್, ಮುಂದೆ 'ಹಡ್' ಚಿತ್ರಕ್ಕೆ ಆಸ್ಕರ್ ಗೆದ್ದವರು.

ಓದು ಮುಗಿಸಿ ನ್ಯೂಯಾರ್ಕ್‌ಗೆ ಬಂದರು. ರೇಡಿಯೋ ಧಾರಾವಾಹಿಗಳಲ್ಲಿ ದನಿ ಕೊಟ್ಟರು. ಹೊಟ್ಟೆಪಾಡಿಗೆ ನಾಟಕ ಮಂದಿರದಲ್ಲಿ ಪ್ರೇಕ್ಷಕರಿಗೆ ಸೀಟು ತೋರಿಸುವ ಕೆಲಸವನ್ನೂ ಮಾಡಿದರು. 1946ರಲ್ಲಿ 'ಸ್ವಾನ್ ಸಾಂಗ್' ನಾಟಕದಿಂದ ಬ್ರಾಡ್‌ವೇ ಪ್ರವೇಶ. ಅದನ್ನು ಬರೆದ ಬೆನ್ ಹೆಕ್ಟ್, ಚಾರ್ಲ್ಸ್ ಮೆಕಾರ್ಥರ್ ಇಬ್ಬರೂ ಆಗಲೇ ದೊಡ್ಡ ಹೆಸರು. ಆಮೇಲೆ 'ಅನದರ್ ಪಾರ್ಟ್ ಆಫ್ ದ ಫಾರೆಸ್ಟ್', ನಾರ್ವೆಯ ಗಂಭೀರ ನಾಟಕಕಾರ ಇಬ್ಸೆನ್‌ನ 'ಘೋಸ್ಟ್ಸ್'. ಇಬ್ಸೆನ್ ಆಡಿ ಬಂದ ನಟಿಯನ್ನು ಜನ ಪೆದ್ದಿ ಸುಂದರಿ ಅಂದುಕೊಂಡರು ಅನ್ನುವುದನ್ನು ಮನಸ್ಸಿನಲ್ಲಿಟ್ಟುಕೊಳ್ಳಿ.

ಸಿನಿಮಾಗೆ ಬಂದಿದ್ದು ಹೇಗೆ?

ಎಂಜಿಎಂ ಕಂಪನಿಯ ಮೂಲಕ. ಮೊದಲ ಸಿನಿಮಾ 1949ರ 'ಆಡಮ್ಸ್ ರಿಬ್', ನಿರ್ದೇಶಕ ಜಾರ್ಜ್ ಕ್ಯೂಕರ್. ಸ್ಪೆನ್ಸರ್ ಟ್ರೇಸಿ, ಕ್ಯಾಥರೀನ್ ಹೆಪ್‌ಬರ್ನ್ ಗಂಡ ಹೆಂಡತಿ, ಇಬ್ಬರೂ ವಕೀಲರು, ಒಂದೇ ಕೇಸಿನಲ್ಲಿ ಎದುರುಬದುರು. ಕೇಸು ಏನೆಂದರೆ, ಹೆಂಡತಿಯೊಬ್ಬಳು ಗಂಡನನ್ನು ಅವನ ಪ್ರೇಯಸಿಯ ಮನೆಗೇ ಬೆನ್ನಟ್ಟಿ ಹೋಗಿ ಗುಂಡು ಹಾರಿಸಿದ್ದಾಳೆ. ಹೆಂಡತಿ ಜೂಡಿ ಹಾಲಿಡೇ, ಪ್ರೇಯಸಿ ಬೆರಿಲ್ ನಮ್ಮ ಹೇಗನ್. ಪಾತ್ರ ಚಿಕ್ಕದು, ಆದರೆ ಸಾಕ್ಷಿಕಟ್ಟೆಯಲ್ಲಿ ಕೂತು ತಾನೇನೂ ತಪ್ಪು ಮಾಡಿಲ್ಲ ಅನ್ನುವ ಗತ್ತಿನಲ್ಲಿ ಉತ್ತರ ಕೊಡುವುದನ್ನು ನೋಡಬೇಕು.

ಲೀನಾ ಪಾತ್ರ ಅವರಿಗೋಸ್ಕರವೇ ಬರೆದಿದ್ದಾ?

ಅಲ್ಲ. ಇಲ್ಲಿ ಮತ್ತೆ ಜೂಡಿ ಹಾಲಿಡೇ ಬರುತ್ತಾರೆ. ಚಿತ್ರಕಥೆ ಬರೆದ ಬೆಟ್ಟಿ ಕಾಮ್ಡನ್ ಮತ್ತು ಅಡಾಲ್ಫ್ ಗ್ರೀನ್ ಇಬ್ಬರೂ ಹಾಲಿಡೇ ಜೊತೆ ನೈಟ್‌ಕ್ಲಬ್ ತಂಡದಲ್ಲಿ ಆಡಿದವರು. ಲೀನಾಳನ್ನು ಬರೆಯುವಾಗ ಅವರ ತಲೆಯಲ್ಲಿದ್ದಿದ್ದು ಆ ಹಳೇ ಗೆಳತಿಯ ಹಾಸ್ಯದ ರೀತಿ. ಆದರೆ ಅಷ್ಟರಲ್ಲಿ ಹಾಲಿಡೇ 'ಬಾರ್ನ್ ಯೆಸ್ಟರ್‌ಡೇ' ಚಿತ್ರಕ್ಕೆ ಆಸ್ಕರ್ ಗೆದ್ದು ದೊಡ್ಡ ತಾರೆಯಾಗಿದ್ದರು. ಅದೇ 'ಬಾರ್ನ್ ಯೆಸ್ಟರ್‌ಡೇ' ನಾಟಕವಾಗಿ ನಡೆಯುತ್ತಿದ್ದಾಗ, ಹಾಲಿಡೇ ಬರದಿದ್ದರೆ ಅವರ ಜಾಗಕ್ಕೆ ನಿಲ್ಲಲು ಸಿದ್ಧವಾಗಿರಬೇಕಾದ ಬದಲಿ ನಟಿಯಾಗಿ ಇದ್ದವರು ಹೇಗನ್. ಹಾಗಾಗಿ ಆ ಬಗೆಯ ಪಾತ್ರ ಅವರಿಗೆ ಕರತಲಾಮಲಕ.

ಹಾಗಂತ ಲೀನಾ ಹಾಲಿಡೇ ನಕಲು ಅಂತ ಯಾರಾದರೂ ಹೇಳಿದರೆ ನಾನು ಒಪ್ಪುವುದಿಲ್ಲ. ಹಾಲಿಡೇ ಆಡುವ ಹೆಣ್ಣುಗಳು ಒಳಗೊಳಗೆ ಮೃದು, ನೋಡುವವರಿಗೆ ಅಯ್ಯೋ ಅನ್ನಿಸುತ್ತದೆ. ಹೇಗನ್ ಆ ಸಲುಗೆ ಕೊಡುವುದಿಲ್ಲ. ಆಕೆಯ ಲೀನಾ ಯಾರ ಕನಿಕರವನ್ನೂ ಬೇಡುವುದಿಲ್ಲ, ಅದಕ್ಕೇ ಅಷ್ಟು ಗಟ್ಟಿಯಾಗಿ ನಿಲ್ಲುತ್ತಾಳೆ.

ಲೀನಾ ನಿಜವಾಗಿಯೂ ಪೆದ್ದಿಯಾ?

ನೋಡುವಾಗ ಎಲ್ಲರೂ ಹಾಗೇ ಅಂದುಕೊಳ್ಳುತ್ತಾರೆ. ಎರಡನೇ ಸಲ ನೋಡಿ.

ಸ್ಟುಡಿಯೋದ ಯಜಮಾನರನ್ನು ಕಾಂಟ್ರ್ಯಾಕ್ಟ್ ಹಿಡಿದು ಬಗ್ಗಿಸುವವಳು ಅವಳೊಬ್ಬಳೇ. ತನ್ನ ಬಗ್ಗೆ ಪತ್ರಿಕೆಗಳಲ್ಲಿ ಏನು ಬರಬೇಕು ಅನ್ನುವುದು ತನ್ನ ಕೈಯಲ್ಲಿದೆ ಅಂತ ಒಪ್ಪಂದದ ಆ ಸಾಲನ್ನು ತೋರಿಸುತ್ತಾಳೆ, ದಾವೆ ಹಾಕುತ್ತೇನೆ ಅನ್ನುತ್ತಾಳೆ, ಕಂಪನಿಯ ಮಾಲೀಕ ಬೆವರುತ್ತಾನೆ. ಹಾಗೆಂದು ಅವಳು ಒಳ್ಳೆಯವಳಲ್ಲ. ಕ್ಯಾಥಿಯನ್ನು ಬೆಳೆಯಲು ಬಿಡದೆ ತನಗೆ ದನಿ ಕೊಡುತ್ತಲೇ ಇರಬೇಕು ಅನ್ನುವುದು ಕ್ರೂರ. ಆದರೆ ಅವಳ ಕಡೆಯಿಂದಲೂ ಒಂದು ಗಳಿಗೆ ಯೋಚಿಸಿ. ಮೂಕಿ ಚಿತ್ರಗಳಲ್ಲಿ ವರ್ಷಗಟ್ಟಲೆ ದುಡಿದು ಕಂಪನಿಗೆ ಹಣ ತಂದುಕೊಟ್ಟಿದ್ದಾಳೆ. ಒಂದು ದಿನ ಮೈಕ್ ಬಂತು, ಬಾಯಿ ಮುಚ್ಚಿಕೋ ಅಂದರು. ಟಾಕಿ ಬಂದಾಗ ಇಂಥ ಸಂಕಟ ನಿಜವಾದ ಕಲಾವಿದರಿಗೂ ಆಯಿತು. ದೊಡ್ಡ ತಾರೆ ಜಾನ್ ಗಿಲ್ಬರ್ಟ್ ಮೊದಲ ಟಾಕಿಯಲ್ಲಿ ಪ್ರೇಮದ ಮಾತಾಡಿದಾಗ ಜನ ನಕ್ಕರು ಅನ್ನುವುದು ಹಾಲಿವುಡ್‌ನಲ್ಲಿ ಇವತ್ತಿಗೂ ಹೇಳುವ ಕಥೆ. ಹೇಗನ್ ಆ ಭಯವನ್ನು ಲೀನಾಳ ಕಣ್ಣಲ್ಲಿ ಇಟ್ಟಿದ್ದಾರೆ. ಮೈಕ್ ದೃಶ್ಯ ನೋಡಿ: ಮೈಕನ್ನು ಪೊದೆಯಲ್ಲಿ ಬಚ್ಚಿಟ್ಟರೆ ಅವಳು ಬೇರೆ ಕಡೆ ತಿರುಗಿ ಮಾತಾಡುತ್ತಾಳೆ, ಎದೆಯ ಹತ್ತಿರ ಬಟ್ಟೆಗೆ ಹೊಲಿದರೆ ಹೃದಯದ ಬಡಿತ ಕೇಳುತ್ತದೆ. ನಿರ್ದೇಶಕ ಕೂಗಾಡುತ್ತಾನೆ. ಅವಳು ತಾನು ಇಷ್ಟು ವರ್ಷ ಆಡಿಕೊಂಡು ಬಂದ ಹಾಗೇ ಆಡುತ್ತಿದ್ದಾಳೆ, ಸುತ್ತಲಿನ ಲೋಕ ಬದಲಾಗಿದೆ. ನಗುತ್ತಾ ನೋಡಿದ ದೃಶ್ಯ ಅದು, ಈಗ ನೋಡಿದರೆ ಗಂಟಲು ಸ್ವಲ್ಪ ಕಟ್ಟುತ್ತದೆ.

'ಆಸ್ಫಾಲ್ಟ್ ಜಂಗಲ್' ಮರಿಲಿನ್ ಮನ್ರೋ ಸಿನಿಮಾ ಅಲ್ವಾ?

ಡಿವಿಡಿ ಕವರ್ ಮೇಲೆ ಮನ್ರೋ ಚಿತ್ರ ಇರುತ್ತದೆ, ಅದಕ್ಕೆ ಹಾಗನ್ನಿಸುತ್ತದೆ. 1950ರ ಈ ಸಿನಿಮಾದಲ್ಲಿ ಮನ್ರೋಗೆ ಇರುವುದು ಚಿಕ್ಕ ಪಾತ್ರ, ಆಗಿನ್ನೂ ಅವರು ಯಾರಿಗೂ ಗೊತ್ತಿರಲಿಲ್ಲ. ಸಿನಿಮಾದ ಹೃದಯ ಇರುವುದು ಹೇಗನ್ ಹತ್ತಿರ. ಜಾನ್ ಹ್ಯೂಸ್ಟನ್ ನಿರ್ದೇಶನ, ಒಡವೆ ಅಂಗಡಿಗೆ ಕನ್ನ ಹಾಕುವ ಗುಂಪಿನ ಕಥೆ. ಅದರಲ್ಲಿ ಡಿಕ್ಸ್ ಅನ್ನುವ ಒರಟ, ಸ್ಟರ್ಲಿಂಗ್ ಹೇಡನ್ ಮಾಡಿದ್ದು. ಅವನನ್ನು ಹಚ್ಚಿಕೊಂಡವಳು ಡಾಲ್.

ಡಾಲ್ ಮೊದಲ ಸಲ ಬರುವ ದೃಶ್ಯವನ್ನು ನಾನು ಎಷ್ಟು ಜನಕ್ಕೆ ತೋರಿಸಿದ್ದೇನೋ. ಕೆಲಸ ಮಾಡುತ್ತಿದ್ದ ಕ್ಲಬ್ ಮುಚ್ಚಿದೆ, ಇರಲು ಜಾಗವಿಲ್ಲ, ಡಿಕ್ಸ್‌ನ ಬಾಗಿಲು ತಟ್ಟುತ್ತಾಳೆ. ಒಳಗೆ ಬಂದವಳು ನಗಲು ನೋಡುತ್ತಾಳೆ, ಏನೂ ಆಗಿಲ್ಲವೆಂಬಂತೆ ಮಾತಾಡಲು ನೋಡುತ್ತಾಳೆ. ಆಗುವುದಿಲ್ಲ. ಅಳು ಬರುತ್ತದೆ. ಕಣ್ಣಿನ ಕಪ್ಪು ಕೆನ್ನೆಗಿಳಿಯುತ್ತದೆ. ಅಂಟಿಸಿಕೊಂಡ ರೆಪ್ಪೆಗೂದಲನ್ನು ಕಿತ್ತು ತೆಗೆಯುತ್ತಾಳೆ. ಅಳುತ್ತಲೇ ತನ್ನ ಅವಸ್ಥೆಗೆ ತಾನೇ ನಗುವ ಹಾಗೆ ಮುಖ ಮಾಡುತ್ತಾಳೆ. ಆ ಕಾಲದ ಹಾಲಿವುಡ್‌ನಲ್ಲಿ ನಟಿಯರು ಅತ್ತರೂ ಮೇಕಪ್ ಹಾಳಾಗುತ್ತಿರಲಿಲ್ಲ. ಹೇಗನ್ ತನ್ನ ಅಂದವನ್ನು ಕ್ಯಾಮೆರಾ ಮುಂದೆ ಹೀಗೆ ಚಿಂದಿ ಮಾಡಿಕೊಳ್ಳಲು ಹಿಂಜರಿಯಲಿಲ್ಲ.

ಕೊನೆಯಲ್ಲಿ ಡಿಕ್ಸ್‌ಗೆ ಗುಂಡೇಟು ಬಿದ್ದು ರಕ್ತ ಸೋರುತ್ತಿದೆ. ಕೆಂಟಕಿಯಲ್ಲಿ ಕಳೆದುಕೊಂಡ ತನ್ನ ಅಪ್ಪನ ಜಮೀನಿಗೆ ಹೋಗಬೇಕು ಅನ್ನುವ ಹಟ ಅವನದು. ಡಾಲ್ ಜೊತೆಗೆ ಹೋಗುತ್ತಾಳೆ. ಅವನು ತನ್ನನ್ನು ಪ್ರೀತಿಸುತ್ತಾನೋ ಇಲ್ಲವೋ ಅವಳಿಗೆ ಗೊತ್ತಿಲ್ಲ, ಕೇಳುವುದೂ ಇಲ್ಲ. ಅವನು ಕುದುರೆಗಳ ನಡುವೆ ಹುಲ್ಲಿನ ಮೇಲೆ ಬಿದ್ದಾಗ ಸಹಾಯಕ್ಕಾಗಿ ಮನೆಯ ಕಡೆ ಓಡುತ್ತಾಳೆ. ಇದೇ ನಟಿ ಎರಡು ವರ್ಷದ ಮೇಲೆ ಲೀನಾ ಆದರು ಅಂದರೆ ನಂಬಲು ಕಷ್ಟ. ಎರಡೂ ಸಿನಿಮಾ ನೋಡಿ, ಇಬ್ಬರೂ ಒಬ್ಬರೇ ಅಂತ ಗೊತ್ತಾಗದವರು ಬಹಳ ಜನ.

ಆಸ್ಕರ್ ಯಾಕೆ ಬರಲಿಲ್ಲ?

'ಸಿಂಗಿನ್ ಇನ್ ದ ರೇನ್' ಇವತ್ತು ಎಷ್ಟು ದೊಡ್ಡ ಸಿನಿಮಾ ಅಂದರೂ, ಆಸ್ಕರ್‌ಗೆ ಅದರ ಹೆಸರು ಹೋಗಿದ್ದು ಎರಡೇ ವಿಭಾಗದಲ್ಲಿ: ಸಂಗೀತ, ಮತ್ತು ಪೋಷಕ ನಟಿ. ನಾಯಕ ಡಾನ್ ಆಗಿದ್ದ ಜೀನ್ ಕೆಲಿ ಇಲ್ಲ, ಡೊನಾಲ್ಡ್ ಓಕಾನರ್ ಇಲ್ಲ, ಡೆಬ್ಬಿ ಇಲ್ಲ. ಇಡೀ ತಾರಾಗಣದಲ್ಲಿ ಆಸ್ಕರ್ ಗುರುತಿಸಿದ್ದು ಹೇಗನ್ ಒಬ್ಬರನ್ನೇ.

ಸಮಾರಂಭ ನಡೆದಿದ್ದು 1953ರ ಮಾರ್ಚ್‌ನಲ್ಲಿ. ಟಿವಿಯಲ್ಲಿ ನೇರ ಪ್ರಸಾರವಾದ ಮೊದಲ ಆಸ್ಕರ್ ಅದು. ಪ್ರಶಸ್ತಿ 'ದ ಬ್ಯಾಡ್ ಅಂಡ್ ದ ಬ್ಯೂಟಿಫುಲ್' ಚಿತ್ರದ ಗ್ಲೋರಿಯಾ ಗ್ರಹಾಮ್‌ಗೆ ಹೋಯಿತು. ಅದೂ ಎಂಜಿಎಂ ಚಿತ್ರವೇ. ಗ್ರಹಾಮ್ ಒಳ್ಳೆಯ ನಟಿ, ಅವರ ಬಗ್ಗೆ ನನಗೆ ಗೌರವ ಇದೆ. ಆದರೆ ಆ ಚಿತ್ರದಲ್ಲಿ ಅವರು ಬರುವುದು ಹತ್ತು ನಿಮಿಷವೂ ಇಲ್ಲ. ಹೇಗನ್ ಒಂದು ಇಡೀ ಸಿನಿಮಾವನ್ನು ಹೆಗಲ ಮೇಲೆ ಹೊತ್ತಿದ್ದರು. ನನ್ನ ಓಟು ಯಾರಿಗೆ ಅಂತ ಬೇರೆ ಹೇಳಬೇಕಾಗಿಲ್ಲ. ನಗಿಸುವ ಪಾತ್ರಕ್ಕೆ ಪ್ರಶಸ್ತಿ ಕೊಡಲು ಎಲ್ಲ ದೇಶದಲ್ಲೂ ಹಿಂದೆಮುಂದೆ ನೋಡುತ್ತಾರೆ.

ಅಷ್ಟು ಹೆಸರಾದ ಮೇಲೆ ದೊಡ್ಡ ಪಾತ್ರಗಳು ಯಾಕೆ ಸಿಗಲಿಲ್ಲ?

ಆಗಿನ ಪದ್ಧತಿಯಲ್ಲಿ ಕಲಾವಿದರು ಸ್ಟುಡಿಯೋದ ಒಪ್ಪಂದಕ್ಕೆ ಕಟ್ಟುಬಿದ್ದವರು. ಯಾವ ಸಿನಿಮಾ, ಯಾವ ಪಾತ್ರ ಅನ್ನುವುದನ್ನು ಕಂಪನಿ ನಿರ್ಧರಿಸುತ್ತಿತ್ತು. ಎಂಜಿಎಂ ಬಳಿ ಲಾನಾ ಟರ್ನರ್ ಥರದ ತಾರೆಯರು ಇದ್ದರು, ಮುಖ್ಯ ಪಾತ್ರ ಅವರಿಗೆ. ಹೇಗನ್‌ಗೆ ಸಿಕ್ಕಿದ್ದು ನಾಯಕಿಯ ಗೆಳತಿ, ಸೆಕ್ರೆಟರಿ, ಹೆಂಡತಿ. 'ಕಾರ್ಬೈನ್ ವಿಲಿಯಮ್ಸ್' ಚಿತ್ರದಲ್ಲಿ ಜೇಮ್ಸ್ ಸ್ಟುವರ್ಟ್ ಹೆಂಡತಿ, 'ಲ್ಯಾಟಿನ್ ಲವರ್ಸ್' ಚಿತ್ರದಲ್ಲಿ ಟರ್ನರ್ ಅವರ ಸೆಕ್ರೆಟರಿ, 'ಹಾಫ್ ಎ ಹೀರೋ' ಚಿತ್ರದಲ್ಲಿ ರೆಡ್ ಸ್ಕೆಲ್ಟನ್ ಹೆಂಡತಿ.

ನನ್ನ ಪ್ರಕಾರ ಇನ್ನೂ ಒಂದು ಕಾರಣ ಇದೆ. ಒಂದೊಂದು ಸಿನಿಮಾದಲ್ಲೂ ಬೇರೆಯೇ ಮನುಷ್ಯಳಾಗಿಬಿಡುವ ನಟಿಯನ್ನು ಹೇಗೆ ಮಾರುವುದು ಅಂತ ಸ್ಟುಡಿಯೋಗಳಿಗೆ ಗೊತ್ತಾಗುತ್ತಿರಲಿಲ್ಲ. ಅವರಿಗೆ ಬೇಕಿದ್ದಿದ್ದು ಒಂದೇ ಮುಖ, ಒಂದೇ ಠೀವಿ, ಪೋಸ್ಟರ್ ನೋಡಿದ ತಕ್ಷಣ ಗುರುತು ಹತ್ತಬೇಕು. ಹೇಗನ್ ಅದಕ್ಕೆ ಒಗ್ಗುವವರಾಗಿರಲಿಲ್ಲ.

ಟಿವಿಗೆ ಹೋಗಿದ್ದು ಯಾವಾಗ?

1953ರ ಸೆಪ್ಟೆಂಬರ್‌ನಲ್ಲಿ ಎಬಿಸಿ ಚಾನೆಲ್‌ನಲ್ಲಿ 'ಮೇಕ್ ರೂಮ್ ಫಾರ್ ಡ್ಯಾಡಿ' ಶುರುವಾಯಿತು. ಅದರಲ್ಲಿ ಡ್ಯಾನಿ ಥಾಮಸ್ ಪಾತ್ರ ನೈಟ್‌ಕ್ಲಬ್ ಕಲಾವಿದನದು, ಯಾವಾಗಲೂ ಊರೂರು ತಿರುಗುವವ. ಹೇಗನ್ ಅವನ ಹೆಂಡತಿ ಮಾರ್ಗರೆಟ್, ಎರಡು ಮಕ್ಕಳ ತಾಯಿ. ಡ್ಯಾನಿ ಥಾಮಸ್ ಮನೆಯ ನಿಜವಾದ ಪರಿಸ್ಥಿತಿಯಿಂದಲೇ ಹುಟ್ಟಿದ ಕಥೆ ಇದು: ಆತ ಊರಲ್ಲಿ ಇಲ್ಲದಾಗ ಮಕ್ಕಳು ಅಮ್ಮನ ಜೊತೆ ಮಲಗುತ್ತಿದ್ದರು, ಆತ ಬಂದಾಗ ಜಾಗ ಬಿಟ್ಟುಕೊಡಬೇಕಿತ್ತು.

ಇಲ್ಲಿ ಹೇಗನ್ ದನಿ ಮತ್ತೆ ಬೇರೆ. ಕೀರಲೂ ಇಲ್ಲ, ಅಳುವೂ ಇಲ್ಲ. ಗಂಡ ಕೂಗಾಡುವಾಗ ಮಾರ್ಗರೆಟ್ ದನಿ ಏರಿಸದೆ ಒಂದೇ ಮಾತಿನಲ್ಲಿ ಅವನನ್ನು ನೆಲಕ್ಕಿಳಿಸುತ್ತಾಳೆ. ಮೂರು ಸಲ ಎಮ್ಮಿಗೆ ಹೆಸರು ಹೋಗಿದ್ದು ಇದಕ್ಕೇ.

ಮತ್ತೆ ಯಾಕೆ ಬಿಟ್ಟರು? ಅವರ ಪಾತ್ರವನ್ನು ಸಾಯಿಸಿದರು ಅನ್ನುವುದು ನಿಜವಾ?

ನಿಜ. ಮೂರು ಸೀಸನ್ ಆದ ಮೇಲೆ, 1956ರಲ್ಲಿ, ಪಾತ್ರದಲ್ಲಿ ತೃಪ್ತಿ ಇಲ್ಲದೆ ಹೇಗನ್ ಹೊರಬಂದರು. ಮುಂದಿನ ಸೀಸನ್‌ನಲ್ಲಿ ಮಾರ್ಗರೆಟ್ ತೀರಿಕೊಂಡಳು ಅಂತ ಕಥೆ ಮುಂದುವರಿಸಿದರು. ಮನೆಮಂದಿಯೆಲ್ಲ ಕೂತು ನಗುವ ಧಾರಾವಾಹಿಯಲ್ಲಿ ತಾಯಿ ಸಾಯುವುದು ಆಗಿನ ಅಮೆರಿಕನ್ ಟಿವಿಯಲ್ಲಿ ತೀರಾ ಅಪರೂಪ. ಆಮೇಲೆ ಡ್ಯಾನಿಗೆ ಎರಡನೇ ಮದುವೆ ಮಾಡಿಸಿದರು, ಮಾರ್ಜರಿ ಲಾರ್ಡ್ ಬಂದರು, ಧಾರಾವಾಹಿ ಸಿಬಿಎಸ್‌ಗೆ ಹೋಗಿ 1964ರವರೆಗೆ ಜೋರಾಗಿ ನಡೆಯಿತು. ಹೊಸ ಹೆಂಡತಿಯ ಹೆಸರು ಕ್ಯಾಥಿ. ಸಿನಿಮಾದಲ್ಲಿ ಲೀನಾಳ ಜಾಗಕ್ಕೆ ಬಂದವಳೂ ಕ್ಯಾಥಿಯೇ.

ಜನಪ್ರಿಯ ಧಾರಾವಾಹಿ ಬಿಟ್ಟಿದ್ದು ದೊಡ್ಡ ತಪ್ಪು ಅಂತ ಹೇಳುವವರಿದ್ದಾರೆ. ದುಡ್ಡಿನ ಲೆಕ್ಕದಲ್ಲಿ ಇರಬಹುದು. ಆದರೆ ಇಬ್ಸೆನ್ ಆಡಿದವರು, ಡಾಲ್ ಆಡಿದವರು, ವಾರವಾರ ಅದೇ ಅಡುಗೆಮನೆ ಬಾಗಿಲಲ್ಲಿ ನಿಂತು ಗಂಡನ ಜೋಕಿಗೆ ಉತ್ತರ ಕೊಡುತ್ತಾ ಎಷ್ಟು ವರ್ಷ ಇರಬೇಕು? ಬಿಟ್ಟಿದ್ದು ಅವರ ಹಕ್ಕು, ನನಗೆ ಅದರಲ್ಲಿ ತಪ್ಪು ಕಾಣುವುದಿಲ್ಲ.

ಆಮೇಲೆ ಏನು ಮಾಡಿದರು?

ಡಿಸ್ನಿಯ 'ದ ಷ್ಯಾಗಿ ಡಾಗ್' (1959) ಚಿತ್ರದಲ್ಲಿ ಫ್ರೆಡ್ ಮೆಕ್‌ಮರೇ ಹೆಂಡತಿ. 'ಸನ್‌ರೈಸ್ ಅಟ್ ಕ್ಯಾಂಪೊಬೆಲ್ಲೊ' (1960) ಚಿತ್ರದಲ್ಲಿ ಫ್ರಾಂಕ್ಲಿನ್ ರೂಸ್‌ವೆಲ್ಟ್ ಅವರ ಆಪ್ತ ಸೆಕ್ರೆಟರಿ ಮಿಸ್ಸಿ ಲಹ್ಯಾಂಡ್. 'ಪ್ಯಾನಿಕ್ ಇನ್ ಇಯರ್ ಜೀರೋ' (1962) ಚಿತ್ರದಲ್ಲಿ ಅಣುಬಾಂಬ್ ದಾಳಿಯ ನಂತರ ಮನೆಮಂದಿಯನ್ನು ಉಳಿಸಿಕೊಳ್ಳಲು ಗಂಡ ದರೋಡೆಗಿಳಿಯುವುದನ್ನು ನೋಡುತ್ತಾ ಕುಗ್ಗುವ ಹೆಂಡತಿ. ಸಿನಿಮಾ ಸಾಧಾರಣ, ಅವರು ಚೆನ್ನಾಗಿದ್ದಾರೆ. 'ಡೆಡ್ ರಿಂಗರ್' (1964) ಚಿತ್ರದಲ್ಲಿ ಬೆಟ್ಟಿ ಡೇವಿಸ್ ಜೊತೆ. ನಡುನಡುವೆ ಟಿವಿಯಲ್ಲಿ ಅತಿಥಿ ಪಾತ್ರ. 'ಆಂಡಿ ಗ್ರಿಫಿತ್ ಷೋ'ದಲ್ಲಿ ಜೋರಾಗಿ ಕಾರು ಓಡಿಸಿ ಸಿಕ್ಕಿಬಿದ್ದು ಊರಿನ ಗಂಡಸರನ್ನೆಲ್ಲ ಮಾತಿನಲ್ಲೇ ಮರುಳು ಮಾಡುವ ಹೆಂಗಸಾಗಿ ಬರುತ್ತಾರೆ. ತುಂಬಾ ಖುಷಿ ಕೊಡುವ ಎಪಿಸೋಡ್ ಅದು.

ಅಷ್ಟು ಬೇಗ ಯಾಕೆ ಮರೆಯಾದರು?

ಆರೋಗ್ಯ. 1960ರ ದಶಕದಲ್ಲಿ ಕಾಯಿಲೆ ಹಿಡಿದುಕೊಂಡಿತು, ಆಸ್ಪತ್ರೆಯಲ್ಲೇ ಹೆಚ್ಚು ಸಮಯ ಕಳೆಯುವ ಹಾಗಾಯಿತು. 1947ರಲ್ಲಿ ಟಾಮ್ ಸೈಡೆಲ್ ಅವರನ್ನು ಮದುವೆಯಾಗಿದ್ದರು, ಇಬ್ಬರು ಮಕ್ಕಳು. 1965ರಲ್ಲಿ ವಿಚ್ಛೇದನವಾಯಿತು. ಸುಮಾರು ಹತ್ತು ವರ್ಷ ಕೆಲಸವೇ ಇಲ್ಲದಂತಾಗಿ, 1976ರಲ್ಲಿ ಮತ್ತೆ ಬಂದರು. 'ಸ್ಟಾರ್‌ಸ್ಕಿ ಅಂಡ್ ಹಚ್', 'ಸ್ಟ್ರೀಟ್ಸ್ ಆಫ್ ಸ್ಯಾನ್ ಫ್ರಾನ್ಸಿಸ್ಕೋ' ಥರದ ಟಿವಿ ಸರಣಿಗಳಲ್ಲಿ ಚಿಕ್ಕ ಚಿಕ್ಕ ಪಾತ್ರ. ಆಗಲೇ ಕ್ಯಾನ್ಸರ್ ಇತ್ತು. 1977ರಲ್ಲಿ ಒಂದು ಟಿವಿ ಸಿನಿಮಾದಲ್ಲಿ ಮನೆ ಬಾಡಿಗೆಗೆ ಕೊಡುವ ಹೆಂಗಸಾಗಿ ಕಾಣಿಸಿಕೊಂಡರು. ಅದೇ ಕೊನೆ. ಆ ವರ್ಷದ ಆಗಸ್ಟ್ 29ರಂದು, ಲಾಸ್ ಏಂಜಲೀಸ್‌ನ ವುಡ್‌ಲ್ಯಾಂಡ್ ಹಿಲ್ಸ್‌ನಲ್ಲಿ ಚಿತ್ರರಂಗದವರಿಗಾಗಿ ಇರುವ ಆಶ್ರಯಧಾಮದಲ್ಲಿ ತೀರಿಕೊಂಡರು. ವಯಸ್ಸು 54.

ಅಷ್ಟು ಕಾಯಿಲೆಯಲ್ಲೂ ಮತ್ತೆ ಕ್ಯಾಮೆರಾ ಮುಂದೆ ಬಂದರಲ್ಲ, ಅದು ನನಗೆ ದೊಡ್ಡದಾಗಿ ಕಾಣುತ್ತದೆ.

ಊಟಾ ಹೇಗನ್ ಇವರ ಸಂಬಂಧಿಯಾ?

ಇಲ್ಲ. ಊಟಾ ಹೇಗನ್ ಜರ್ಮನಿಯಲ್ಲಿ ಹುಟ್ಟಿದ ರಂಗನಟಿ, ನಟನೆಯ ದೊಡ್ಡ ಗುರು. ಇವರ ಮನೆಹೆಸರು ವರ್ಹೇಗನ್, ಸಿನಿಮಾಗೋಸ್ಕರ ಚಿಕ್ಕದು ಮಾಡಿಕೊಂಡಿದ್ದು.

ಇವರ ನೆನಪಿಗೆ ಏನಾದರೂ ಇದೆಯಾ?

ಕಲಾವಿದರ ಹೆಸರಿನ ನಕ್ಷತ್ರಗಳನ್ನು ಕಾಲುದಾರಿಯಲ್ಲಿ ಹಾಸಿರುವ ಹಾಲಿವುಡ್ ವಾಕ್ ಆಫ್ ಫೇಮ್‌ನಲ್ಲಿ, ವೈನ್ ಸ್ಟ್ರೀಟ್ ಮೇಲೆ, ಇವರದೂ ಒಂದು ನಕ್ಷತ್ರ ಇದೆ. ಅದನ್ನು ಕೊಟ್ಟಿದ್ದು ಟಿವಿ ಕೆಲಸಕ್ಕೆ, ಸಿನಿಮಾಗೆ ಅಲ್ಲ. ಅಮೆರಿಕದ ರಾಷ್ಟ್ರೀಯ ಚಲನಚಿತ್ರ ಪಟ್ಟಿಗೆ 1989ರಲ್ಲಿ ಮೊದಲ ಕಂತಿನಲ್ಲೇ 'ಸಿಂಗಿನ್ ಇನ್ ದ ರೇನ್' ಸೇರಿತು, 2008ರಲ್ಲಿ 'ಆಸ್ಫಾಲ್ಟ್ ಜಂಗಲ್' ಸೇರಿತು.

ಒಂದೂ ನೋಡಿಲ್ಲ. ಎಲ್ಲಿಂದ ಶುರು ಮಾಡಲಿ?

ಎಲ್ಲರೂ 'ಸಿಂಗಿನ್ ಇನ್ ದ ರೇನ್' ಅನ್ನುತ್ತಾರೆ. ನಾನು ಬೇರೆ ಹೇಳುತ್ತೇನೆ. ಮೊದಲು 'ಆಸ್ಫಾಲ್ಟ್ ಜಂಗಲ್' ನೋಡಿ, ಡಾಲ್ ದನಿ ಕಿವಿಯಲ್ಲಿ ಇಟ್ಟುಕೊಳ್ಳಿ. ಅದಾದ ಒಂದೆರಡು ದಿನದಲ್ಲಿ 'ಸಿಂಗಿನ್ ಇನ್ ದ ರೇನ್' ಹಾಕಿ. ಮನೆಯಲ್ಲಿ ಮಕ್ಕಳಿದ್ದರೆ ಅವರನ್ನೂ ಕೂರಿಸಿಕೊಳ್ಳಿ, ಮೈಕ್ ದೃಶ್ಯಕ್ಕೆ ಭಾಷೆ ಬೇಕಾಗಿಲ್ಲ. ಆಮೇಲೆ 'ಆಡಮ್ಸ್ ರಿಬ್'. 'ಸೈಡ್ ಸ್ಟ್ರೀಟ್' (1950) ಸಿಕ್ಕರೆ ಬಿಡಬೇಡಿ, ನ್ಯೂಯಾರ್ಕ್ ಬೀದಿಗಳಲ್ಲಿ ತೆಗೆದ ಅಪರಾಧ ಚಿತ್ರ, ನಿರ್ದೇಶಕ ಆಂಟನಿ ಮ್ಯಾನ್. ಹೇಗನ್ ಕುಡಿತಕ್ಕೆ ಬಿದ್ದ ನೈಟ್‌ಕ್ಲಬ್ ಹಾಡುಗಾರ್ತಿಯಾಗಿ ಸ್ವಲ್ಪ ಹೊತ್ತು ಬಂದು ಹೋಗುತ್ತಾರೆ. ನಾಯಕ ಫಾರ್ಲಿ ಗ್ರೇಂಜರ್, ಆದರೆ ಆ ದೃಶ್ಯಗಳಲ್ಲಿ ಅವನ ಕಡೆ ನೋಡಲು ನನಗೆ ಆಗುವುದಿಲ್ಲ.